ಹೋಮದ ದಿನ ಇಟ್ಟ ಹೆಸರು

ಗುಬ್ಬಿಯಿಂದ ಒಳಗೆ ಹೋಗುವ ದಾರಿಯಲ್ಲಿ, ಒಂದು ಹಳ್ಳಿಯ ಟೀ ಅಂಗಡಿ ಮುಂದೆ ಸ್ಕೂಟರ್ ನಿಲ್ಲಿಸಿ, “ಶುಚಿವ್ರತ ಅನ್ನೋರ ಮನೆ ಯಾವುದು?” ಎಂದು ಕೇಳಿದೆ. ಬೆಂಚಿನ ಮೇಲೆ ಕೂತಿದ್ದವರೆಲ್ಲ ನಕ್ಕರು.

“ವರಮಾಲಕ್ಷ್ಮಿ ವ್ರತ ಗೊತ್ತು, ಸತ್ಯನಾರಾಯಣನ ವ್ರತ ಗೊತ್ತು. ಈ ವ್ರತ ನಮ್ಮೂರಲ್ಲಿ ಯಾರೂ ಮಾಡಲ್ಲ ಕಣಮ್ಮ,” ಎಂದ ಒಬ್ಬ.

“ಸುಮ್ನಿರ್ಲಾ, ಮೇಡಮ್ಮೋರು ಯಾವ್ದೋ ಆಫೀಸಿಂದ ಬಂದವ್ರೆ,” ಎಂದು ಅಂಗಡಿಯವನು ಗದರಿಸಿದ. ಗದರಿಸಿ ತಾನೂ ನಕ್ಕ.

ಆ ವಾರ ನಾನು ಹೀಗೆ ಬರಿಗೈಯಲ್ಲಿ ವಾಪಸಾದ ಊರು ಅದೊಂದೇ ಅಲ್ಲ. ನಿರ್ಮಲಚಂದ್ರ, ಪಾವನಮೂರ್ತಿ, ವಿಮಲಾದೇವಿ, ಅಮಲಾದೇವಿ ಇವರನ್ನು ಹುಡುಕಿಕೊಂಡು ಗುಬ್ಬಿ ಕಡೆಯ ಹಳ್ಳಿಗಳನ್ನೆಲ್ಲ ಸುತ್ತಿದೆ, ಕುಣಿಗಲ್ ಕಡೆಗೂ ಹೋದೆ. ಅಂಥವರು ಹುಟ್ಟೇ ಇರಲಿಲ್ಲ ಎನ್ನುವಂತೆ ಜನ ತಲೆಯಾಡಿಸಿದರು.

ನನ್ನ ಕೆಲಸ ಸಂಸ್ಥೆಗಳ ಇತಿಹಾಸ ಬರೆದುಕೊಡುವುದು. ಹಾಲಿನ ಸೊಸೈಟಿ, ವಿದ್ಯಾರ್ಥಿನಿಲಯ, ಛತ್ರ, ಯಾರಿಗೆ ವಯಸ್ಸಾಗಿ ಸಮಾರಂಭ ಮಾಡಬೇಕು ಅನ್ನಿಸಿದರೂ ಸ್ಮರಣ ಸಂಚಿಕೆಗೆ ನನ್ನನ್ನು ಕರೆಯುತ್ತಾರೆ. ಈ ಸಲ ಕರೆದದ್ದು ತುಮಕೂರು ನಗರದ ಒಂದು ಶಾಲೆ. ಅದನ್ನು ಕಟ್ಟಿದ್ದು ಧರ್ಮವನ್ನು ತಿದ್ದಲು ಹೊರಟ ಒಂದು ಸಮಾಜ. ವಿಗ್ರಹ ಬೇಡ, ಕುರಿ ಕೋಳಿ ಬಲಿ ಬೇಡ, ಜಾತಿ ಬೇಡ, ಬೆಂಕಿಗೆ ತುಪ್ಪ ಹಾಕಿ ಮಂತ್ರ ಹೇಳಿದರೆ ಸಾಕು ಎಂದು ಸಾರಿದ ಜನ. ಶಾಲೆಯ ಹೆಸರನ್ನಾಗಲಿ ಸಮಾಜದ ಹೆಸರನ್ನಾಗಲಿ ನಾನಿಲ್ಲಿ ಬರೆಯುವುದಿಲ್ಲ. ಹೆಸರಿನ ವಿಷಯದಲ್ಲಿ ಅವರು ನಡೆದುಕೊಂಡ ರೀತಿ ನೋಡಿದರೆ, ಒಂದು ಹೆಸರು ಬಿಟ್ಟುಹೋಯಿತೆಂದು ಅವರು ಬೇಜಾರು ಮಾಡಿಕೊಳ್ಳಬಾರದು.

ಸಮಾರಂಭದ ಸಮಿತಿಗೆ ಅಧ್ಯಕ್ಷರು ಒಬ್ಬ ನಿವೃತ್ತ ಎಂಜಿನಿಯರು. ಅವರ ತಂದೆ ಅಲ್ಲೇ ಓದಿ, ಆಮೇಲೆ ಆಡಳಿತ ಮಂಡಳಿಯಲ್ಲಿ ಬಹಳ ಕಾಲ ಇದ್ದವರು. ಕಾರ್ಯದರ್ಶಿ ಅದೇ ಶಾಲೆಯ ಕನ್ನಡ ಮೇಷ್ಟ್ರು. ಯಾರಿಗೂ ನೋವಾಗಬಾರದು ಎನ್ನುವ ಸ್ವಭಾವ. ಅಂಥವರಿಂದ ಎಷ್ಟು ನೋವಾಗುತ್ತದೆ ಎನ್ನುವುದು ನನಗೆ ಆಮೇಲೆ ಗೊತ್ತಾಯಿತು.

ನಾನು ಯಾವ ಇತಿಹಾಸವನ್ನೂ ಫೋಟೊದಿಂದ ಶುರು ಮಾಡುತ್ತೇನೆ. ಭಾಷಣ, ವರದಿ ಎಲ್ಲ ಆಮೇಲೆ. ಗ್ರೂಪ್ ಫೋಟೊದಲ್ಲಿ ಯಾರು ಕುರ್ಚಿಯಲ್ಲಿ ಕೂತಿದ್ದಾರೆ, ಯಾರು ನೆಲದ ಮೇಲೆ, ಯಾರಿಗೆ ಚಪ್ಪಲಿ ಇದೆ, ಇಷ್ಟು ನೋಡಿದರೆ ಅರ್ಧ ಕಥೆ ಸಿಕ್ಕಿಬಿಡುತ್ತದೆ. ಹಾಸ್ಟೆಲಿನ ಉದ್ದನೆಯ ಪಡಸಾಲೆಯಲ್ಲಿ ಹಳೆಯ ಫೋಟೊಗಳು ಸಾಲಾಗಿ ತೂಗುಬಿದ್ದಿದ್ದವು. ಕಾರ್ಯದರ್ಶಿಗಳು ಕರ್ಚೀಫಿನಿಂದ ಗಾಜು ಒರೆಸುತ್ತ ಬಂದರು, ನಾನು ಫ್ರೇಮು ಬಿಚ್ಚಿ ಒಂದೊಂದನ್ನೇ ಸ್ಕ್ಯಾನ್ ಮಾಡುತ್ತ ಹೋದೆ. ಎಲ್ಲದರ ಕೆಳಗೂ ಮುದ್ದಾದ ಅಕ್ಷರದಲ್ಲಿ ‘ಎಡದಿಂದ ಬಲಕ್ಕೆ’ ಹೆಸರುಗಳಿದ್ದವು. ಎಲ್ಲ ಜಾತಿಯ ಮಕ್ಕಳೂ ಬೆರೆತು ನಿಂತಿದ್ದರು. ನೋಡಿ ನನಗೆ ನಿಜವಾಗಿ ಖುಷಿಯಾಯಿತು.

“ಇದು ಜಾತಿ ಅಳಿಸಿದ ಸ್ಕೂಲು ಮೇಡಂ,” ಎಂದರು ಅಧ್ಯಕ್ಷರು. “ಸೇರಿದ ದಿನ ಹೋಮ. ಹೋಮದ ಮುಂದೆ ಮಗೂನ ಕೂರಿಸಿ ಹೊಸ ಹೆಸರು ಇಡೋರು. ಹಳೇದೆಲ್ಲ ಅಲ್ಲಿಗೇ ಸುಟ್ಟುಹೋಯ್ತು ಅಂತ. ಪುಸ್ತಕದಲ್ಲಿ ಅದಕ್ಕೇ ಒಂದು ಅಧ್ಯಾಯ ಇರ್ಬೇಕು. ‘ಹೊಸ ಹುಟ್ಟು’ ಅಂತ ಹೆಸರಿಡಿ.”

ಇಟ್ಟೆ. ಅಧ್ಯಾಯಕ್ಕೆ ಹೆಸರು ಮೊದಲು ಬಂತು, ಶಾಲೆಯ ದಾಖಲಾತಿ ಪುಸ್ತಕದಲ್ಲಿ ಮಕ್ಕಳ ಊರೂ ಸಿಕ್ಕಿತು, ಜನ ಮಾತ್ರ ಸಿಗಲಿಲ್ಲ.

ಅದೇ ಫೋಟೊಗಳಲ್ಲಿದ್ದ ತೋಟದ ಮನೆಯ, ಅಂದರೆ ಜಮೀನಿದ್ದ ಮೇಲುಜಾತಿಯ ಹುಡುಗರ ಮನೆಗಳು ಒಂದೇ ಮಧ್ಯಾಹ್ನದಲ್ಲಿ ಸಿಕ್ಕಿದ್ದವು. ಬೋರಣ್ಣನವರ ಮನೆ, ಗುಡ್ಡಯ್ಯನವರ ಮನೆ, ಕೆಂಪಣ್ಣನವರ ಮನೆ. ಹೋದ ಕಡೆಯೆಲ್ಲ ಕಾಫಿ, ಕೋಡುಬಳೆ, ಆಲ್ಬಂ, ಹೊರಡುವಾಗ ಎಳನೀರು. ಎಲ್ಲ ಹಬ್ಬದ ಹಾಗೆ ನಡೆಯಿತು. ಇನ್ನುಳಿದ ಹೆಸರುಗಳ ಮುಂದೆ ‘ಸಂಪರ್ಕಕ್ಕೆ ಸಿಗಲಿಲ್ಲ’ ಎಂದು ಬರೆದು ಮುಗಿಸಿಬಿಡೋಣ ಎನ್ನುವಷ್ಟು ಸಾಕಾಗಿತ್ತು.

ಕುಣಿಗಲ್ ಆಚೆಯ ಒಂದು ಹಳ್ಳಿಯಲ್ಲಿ ಸಂಜೆ ಹಾಲಿನ ಡೇರಿ ಮುಂದೆ ಜನ ಕ್ಯಾನು ಹಿಡಿದು ನಿಂತಿದ್ದರು. ವಿಮಲಾದೇವಿ ಎಂದು ಕೇಳಿದ್ದಾಯಿತು, ಇಲ್ಲ ಎಂದದ್ದೂ ಆಯಿತು. ಸಿಟ್ಟಿನಲ್ಲಿ ಮೊಬೈಲು ತೆಗೆದು, “ಹೋಗ್ಲಿ, ಈ ಮುಖಾನಾದ್ರೂ ನೋಡಿ,” ಎಂದು ಫೋಟೊ ತೋರಿಸಿದೆ. ಎರಡು ಜಡೆ, ದೊಡ್ಡ ಹಣೆ, ಕ್ಯಾಮೆರಾವನ್ನು ದುರುಗುಟ್ಟಿ ನೋಡುವ ಹುಡುಗಿ. ಒಬ್ಬಾಕೆ ಕ್ಯಾನು ಕೆಳಗಿಟ್ಟು, ಬೆರಳಿನಿಂದ ಫೋಟೊ ಹಿಗ್ಗಿಸಿ ನೋಡಿದಳು.

“ಅಯ್ಯೋ, ನಮ್ಮಣ್ಣನ ಮಗಳು ಥೇಟ್ ಹಿಂಗೇ ಅವ್ಳೆ. ಇದು ನಮ್ಮ ಮಾರಜ್ಜಿ ಇರ್ಬೇಕು ಕಣಕ್ಕ. ನಮ್ಮ ಕೇರೀಲಿ ತುಮಕೂರ್ನಾಗೆ ಓದಿದ್ದು ಅವರೊಬ್ಬರೇ. ಟೀಚರಾಗಿದ್ರು. ಬನ್ನಿ, ಮನೇಲೇ ಅವ್ರೆ.”

ಜಗಲಿಯ ಮೇಲೆ ಅಜ್ಜಿ ನೆನೆಸಿದ ಅವರೆಕಾಳು ಹಿಸುಕುತ್ತ ಕೂತಿದ್ದರು. ಎಂಬತ್ತು ದಾಟಿ ಬಹಳ ವರ್ಷವಾಗಿದೆ, ಕಣ್ಣು ಮಾತ್ರ ಫೋಟೊದಲ್ಲಿದ್ದ ಹಾಗೇ ಇತ್ತು.

“ವಿಮಲಾದೇವಿ ಅನ್ನೋರು ನೀವೇನಾ ಅಜ್ಜಿ?”

ಹಿಸುಕುತ್ತಿದ್ದ ಕೈ ನಿಂತಿತು. “ಆ ಹೆಸರು ಎಲ್ಲಿಂದ ತಂದೆ?”

“ಸ್ಕೂಲಿಂದ.”

“ಅಲ್ಲೇ ವಾಪಸ್ ಕೊಟ್ಬುಡು. ನನ್ನ ಹೆಸರು ಮಾರಕ್ಕ. ಕೂತ್ಕೊ. ಕಾಪಿ ಕುಡೀತೀಯೇನವ್ವ, ನಮ್ಮನೇಲಿ?”

ಕೊನೆಯ ಆ ಒಂದು ಪದ ಯಾಕೆ ಸೇರಿಸಿದರು ಎಂದು ನನಗೆ ಗೊತ್ತಿತ್ತು. ನಾನೂ ತೋಟದ ಮನೆಯವಳೇ. “ಕುಡೀತೀನಿ ಅಜ್ಜಿ,” ಎಂದು ಜಗಲಿಯ ಮೇಲೆ ಕೂತೆ.

ಅವರು ಹೇಳಿದ್ದನ್ನು ರೆಕಾರ್ಡ್ ಮಾಡಿಕೊಂಡಿದ್ದೇನೆ, ಆದ್ದರಿಂದ ನನ್ನದೇನೂ ಸೇರಿಸಿಲ್ಲ. ಮಾರಕ್ಕನಿಗೂ ಮುಂಚೆ ಹುಟ್ಟಿದ ಮಕ್ಕಳು ಉಳಿದಿರಲಿಲ್ಲ. ಅವ್ವ ಊರ ಮಾರಮ್ಮನಿಗೆ ಹರಕೆ ಹೊತ್ತು, ಮಗು ಉಳಿದರೆ ನಿನ್ನ ಹೆಸರೇ ಇಡುತ್ತೇನೆ ಎಂದಳು. ಮಗು ಉಳಿಯಿತು. ಸಮಾಜದವರು ಕೇರಿಗೆ ಬಂದು, ಹೆಣ್ಣುಮಗುವನ್ನು ಓದಿಸುತ್ತೇವೆ ಕೊಡಿ ಎಂದಾಗ ಅವ್ವ ಎರಡು ಮಾತಾಡದೆ ಕಳಿಸಿದಳು.

“ಹೋಮದ ದಿವಸ ನಮ್ಮನ್ನ ಸಾಲಾಗಿ ಕೂರ್ಸಿದ್ರು. ಗುರುಗಳು ಒಬ್ಬೊಬ್ಬರನ್ನೇ ಹೆಸರು ಕೇಳೋರು. ನನ್ನ ಮುಂದೆ ತೋಟದೋರ ಹುಡುಗ. ಬೋರಣ್ಣ ಅಂದ. ‘ಚೆನ್ನಾಗಿದೆ, ಕೂತ್ಕೊ’ ಅಂದ್ರು. ನಾನು ಮಾರಕ್ಕ ಅಂದೆ. ‘ಥೂ, ಅದೊಂದು ಹೆಸರಾ?’ ಅಂದ್ರು. ಅಂಗೈಲಿ ನೀರು ತಕ್ಕೊಂಡು ತಲೆ ಮೇಲೆ ಚಿಮುಕಿಸಿ, ‘ಇವತ್ತಿಂದ ನೀನು ವಿಮಲಾ’ ಅಂದ್ರು. ಎಲ್ರೂ ಒಟ್ಟಿಗೆ ‘ವಿಮಲಾ, ವಿಮಲಾ’ ಅಂದ್ರು. ಆಮೇಲೆ ಹಳೇ ಹೆಸರಿಗೆ ಓಗೊಟ್ರೆ ಬಿಸಿಲಲ್ಲಿ ನಿಲ್ಸೋರು. ಒಂದೇ ಸತಿ ನಿಂತೆ. ಆಮೇಲೆ ಕಲಿತ್ಕೊಂಡೆ.”

ಅಜ್ಜಿ ಅವರೆಬೇಳೆಯ ಪಾತ್ರೆಯನ್ನು ಪಕ್ಕಕ್ಕೆ ಸರಿಸಿದರು.

“ಒಂದ್ ಭಾನುವಾರ ಅವ್ವ ಬಂದ್ಲು. ಕುಣಿಗಲ್ಲಿಂದ ನಡ್ಕೊಂಡು, ಗಾಡಿ ಸಿಕ್ಕಿದ್ ಕಡೆ ಗಾಡಿ ಹತ್ಕೊಂಡು. ಗೇಟಲ್ಲಿ ನಿಂತು ‘ಮಾರೀ, ಮಾರೀ’ ಅಂತ ಕೂಗಿದ್ಲು. ನಾನು ಅಂಗಳದಲ್ಲೇ ಇದ್ದೆ. ಮೇಡಮ್ಮು ಪಕ್ಕದಲ್ಲೇ ನಿಂತಿದ್ರು. ತಿರುಗಿ ನೋಡ್ಲಿಲ್ಲ ಕಣವ್ವ ನಾನು. ಅವ್ವ ಇನ್ನೂ ಎರಡು ಸತಿ ಕೂಗಿ, ಹುರಿಗಾಳಿನ ಗಂಟು ಗೇಟಿಗೆ ಕಟ್ಟಿ ಹೊಂಟೋದ್ಲು. ಓದ್ಕೊಂಡ ಮಗಳಿಗೆ ನಾನು ನಾಚಿಕೆಯಾದೆ ಅಂದ್ಕೊಂಡ್ಲು. ಮತ್ತೆ ಯಾವತ್ತೂ ಬರ್ಲಿಲ್ಲ. ರಜಕ್ಕೆ ಹೋದಾಗ ಎಷ್ಟ್ ಹೇಳಿದ್ರೂ ನಂಬ್ಲಿಲ್ಲ. ಸಾಯೋವರ್ಗೂ ಅದನ್ನೇ ಅಂದ್ಕೊಂಡಿದ್ಲು.”

ಆ ಗೇಟು ಈಗಲೂ ಇದೆ, ಬಣ್ಣ ಬಳಿದಿದ್ದಾರೆ. ನಾನು ದಿನಾ ಅದರೊಳಗಿಂದಲೇ ಸ್ಕೂಟರ್ ತೆಗೆದುಕೊಂಡು ಹೋಗುತ್ತಿದ್ದೆ.

“ಊಟ ಒಂದೇ ಪಂಕ್ತಿ. ಅದು ಸುಳ್ಳಲ್ಲ,” ಎಂದರು ಅಜ್ಜಿ. “ಅಕ್ಷರ ಕಲ್ಸಿದ್ರು, ಅದೂ ಸುಳ್ಳಲ್ಲ. ಅದನ್ನೂ ಬರಿ. ಇದನ್ನೂ ಬರಿ. ನಂದು ಒಂದೇ ಒಂದು ಇದೆ. ಮಾರಕ್ಕ ಅಂತ ಆ ಸ್ಕೂಲೋರೇ ಅಚ್ಚು ಹಾಕ್ಬೇಕು. ಅವರ ಪುಸ್ತಕದಲ್ಲಿ, ಅವರ ಕೈಲೇ. ಅಷ್ಟಾದ್ರೆ ಸಾಕು.”

ಬರೆಯುತ್ತೇನೆ ಎಂದು ಮಾತು ಕೊಟ್ಟೆ. ಅಷ್ಟು ಸುಲಭ ಎಂದುಕೊಂಡಿದ್ದೆ.

ಆಮೇಲೆ ಕೆಲಸ ಸರಸರ ನಡೆಯಿತು. ಅಜ್ಜಿಯ ಮುಂದೆ ಫೋಟೊಗಳನ್ನು ಹರಡಿ ಕೂತೆ. ಅವರು ಬೆರಳಿಟ್ಟು ಹೇಳುತ್ತ ಹೋದರು. ನಿರ್ಮಲಚಂದ್ರ ಅಂದರೆ ಅವರ ಪಕ್ಕದೂರಿನ ತಿಪ್ಪ, ಪಾವನಮೂರ್ತಿ ಅಂದರೆ ದೊಡ್ಡಕರಿಯ, ಶುಚಿವ್ರತ ಅಂದರೆ ಗುಬ್ಬಿ ಕಡೆಯ ಕರಿಹನುಮ. ಮತ್ತೆ ಅದೇ ಟೀ ಅಂಗಡಿಗೆ ಹೋಗಿ ಕರಿಹನುಮಯ್ಯ ಎಂದೆ.

“ಅಯ್ಯೋ, ಕರಿಹನುಮಣ್ಣನಾ? ಅವತ್ತೇ ಹಂಗಂದಿದ್ರೆ ಆಗೋದು! ಅವರು ಹೋಗಿ ಬಾಳ ವರ್ಷ ಆಯ್ತು. ಮಗ ಹಿರೇಹಳ್ಳಿ ಫ್ಯಾಕ್ಟರೀಲಿ ಅವ್ನೆ.”

ಮಗ ಶಿಫ್ಟು ಮುಗಿಸಿ ಫ್ಯಾಕ್ಟರಿ ಗೇಟಿನ ಹತ್ತಿರ ಬೈಕು ನಿಲ್ಲಿಸಿಕೊಂಡೇ ಮಾತಾಡಿದ. ಅಪ್ಪನಿಗೆ ಇನ್ನೊಂದು ಹೆಸರಿತ್ತು ಎಂದು ಅವನಿಗೆ ಗೊತ್ತೇ ಇರಲಿಲ್ಲ. “ಶುಚಿವ್ರತ,” ಎಂದು ಎರಡು ಸಲ ಹೇಳಿ ನೋಡಿಕೊಂಡ. “ಅಂದ್ರೆ ಅದಕ್ಕೂ ಮುಂಚೆ ನಮ್ಮಪ್ಪ ಕೊಳಕಾಗಿದ್ರಾ ಮೇಡಂ?”

ಮನೆಗೆ ಬಂದು ಹೆಸರುಗಳನ್ನೆಲ್ಲ ಒಂದು ಕಡೆ ಬರೆದು ನೋಡಿದೆ. ನಿರ್ಮಲ, ವಿಮಲ, ಅಮಲ, ಪಾವನ, ಶುಚಿ. ಕೇರಿಯಿಂದ ಬಂದ ಒಂದೊಂದು ಮಗುವಿಗೂ ತೊಳೆದ ಹೆಸರು. ತೋಟದ ಮನೆಯ ಹುಡುಗರಲ್ಲಿ ಒಬ್ಬನ ಹೆಸರೂ ಬದಲಾಗಿರಲಿಲ್ಲ. ಜಾತಿ ಅಳಿಸಲು ಹೊರಟವರು ಯಾವ ಮಗು ಕೊಳೆ, ಯಾವ ಮಗು ಅಲ್ಲ ಎಂದು ಎಷ್ಟು ಕರಾರುವಾಕ್ಕಾಗಿ ಆರಿಸಿದ್ದರು! ನನಗೆ ಮೈಯೆಲ್ಲ ಉರಿದುಹೋಯಿತು. ಇಂಥದ್ದಕ್ಕೆ ‘ಹೊಸ ಹುಟ್ಟು’ ಎಂದು ಅಧ್ಯಾಯದ ಹೆಸರು ಟೈಪ್ ಮಾಡಿದ್ದವಳು ನಾನೇ. ಅದನ್ನು ಅಳಿಸಿ ಹೊಸದಾಗಿ ಬರೆದೆ. ಸಹಪಂಕ್ತಿಯ ಊಟದ ಬಗ್ಗೆ, ಊರನ್ನು ಎದುರಿಸಿ ನಿಂತ ಮೇಷ್ಟ್ರುಗಳ ಬಗ್ಗೆ ಒಂದು ಪದವನ್ನೂ ಕಡಿಮೆ ಮಾಡಲಿಲ್ಲ. ಅದರ ಪಕ್ಕದಲ್ಲೇ ಹೋಮದ ದಿನವನ್ನೂ ಗೇಟಿನ ಭಾನುವಾರವನ್ನೂ ಇಟ್ಟೆ.

ಸಮಿತಿಯ ಸಭೆ ಸ್ಟಾಫ್ ರೂಮಿನಲ್ಲಿ ಸೇರಿತು. ಮೇಜಿನ ಮೇಲೆ ಮದ್ದೂರು ವಡೆ, ಕಾಫಿ. ಅಧ್ಯಕ್ಷರು ಅಧ್ಯಾಯ ಓದಿ ಕನ್ನಡಕ ತೆಗೆದಿಟ್ಟರು.

“ಇದನ್ನ ಹಾಕೋಕಾಗಲ್ಲ ಮೇಡಂ.”

“ಸುಳ್ಳು ಇದೆಯಾ ಸಾರ್?”

“ಸುಳ್ಳು ಅಂತಲ್ಲ. ಆ ಕಾಲಕ್ಕೆ ಅದು ಕ್ರಾಂತಿ. ಆ ಹೆಸರು ಇಟ್ಕೊಂಡು ಹೋಗಿದ್ರೆ ಯಾರಾದ್ರೂ ಕೆಲಸ ಕೊಡ್ತಿದ್ರಾ? ಹೆಸರು ಕೇಳ್ತಿದ್ದ ಹಾಗೇ ಜಾತಿ ಗೊತ್ತಾಗೋದು. ಅದನ್ನ ತಪ್ಪಿಸೋಕೆ ಮಾಡಿದ್ದು. ಒಳ್ಳೇ ಮನಸ್ಸಿಂದ ಮಾಡಿದ್ದು.”

ಈ ಮಾತಿನಲ್ಲಿ ಹುರುಳಿಲ್ಲ ಎಂದು ತಳ್ಳಿಹಾಕಲು ನನಗಾಗಲಿಲ್ಲ. ಇದನ್ನೇ ನಾನು ಅಜ್ಜಿಗೂ ಕೇಳಿದ್ದೆ. ಅವರು ನಕ್ಕಿದ್ದರು. ‘ಇಡೀ ಜಿಲ್ಲೇಲಿ ಅಂಥ ಹೆಸರು ಇದ್ದಿದ್ದು ನಮಗೇ ಕಣವ್ವ. ಶುಚಿವ್ರತ ಅಂತಿದ್ದಂಗೇ ಎಲ್ರಿಗೂ ಗೊತ್ತಾಗೋದು, ಇವನು ಇಂಥಾ ಹಾಸ್ಟೆಲ್ಲೋನು, ಇಂಥಾ ಕೇರಿಯೋನು ಅಂತ.’ ಜಾತಿ ಕೇಳುವವರ ಬಾಯಿ ಹಾಗೇ ಇತ್ತು, ಹೆಸರು ಮಾತ್ರ ಹೋಯಿತು. ನಾನು ಇದನ್ನು ಸಭೆಯಲ್ಲಿ ಹೇಳಿದೆ.

“ಒಳ್ಳೇ ಮನಸ್ಸಿಂದ ಮಾಡಿದ್ರೆ ಎಲ್ಲರಿಗೂ ಮಾಡ್ಬೇಕಿತ್ತಲ್ವಾ ಸಾರ್?” ಎಂದು ಫೋಟೊ ಮುಂದೆ ತಳ್ಳಿದೆ. “ಬೋರಣ್ಣ, ಗುಡ್ಡಯ್ಯ, ಕೆಂಪಣ್ಣ. ಇವು ಯಾವ ವೇದದ ಹೆಸರು?”

“ಬೋರಣ್ಣ ನಮ್ಮ ತಂದೆಯವರ ಹೆಸರು,” ಎಂದರು ಅಧ್ಯಕ್ಷರು.

“ಗೊತ್ತು ಸಾರ್. ಅದಕ್ಕೇ ಕೇಳಿದ್ದು.”

ಅವರ ಮುಖ ಕೆಂಪಾಯಿತು. ಕಾರ್ಯದರ್ಶಿಗಳು ಗಡಬಡಿಸಿ ಎದ್ದು ಎಲ್ಲರಿಗೂ ಇನ್ನೊಂದು ಸುತ್ತು ಕಾಫಿ ಬಗ್ಗಿಸಿದರು. ಬಗ್ಗಿಸುತ್ತಲೇ ಒಂದು ದಾರಿ ಹುಡುಕಿದರು. ವಿಮಲಾದೇವಿ ಎಂದು ಬರೆದು, ಆವರಣದೊಳಗೆ ‘ಮೂಲ ಹೆಸರು ಮಾರಕ್ಕ’ ಎಂದು ಹಾಕಿದರೆ ಹೇಗೆ? ಯಾರಿಗೂ ನೋವಿಲ್ಲ. ಅಧ್ಯಕ್ಷರು ಕನ್ನಡಕ ಮತ್ತೆ ಹಾಕಿಕೊಂಡು, ಆಗಲಿ ಎಂದು ತಲೆಯಾಡಿಸಿದರು. ನಾನೂ ಒಪ್ಪಿದೆ. ಗೆದ್ದೆ ಎಂದುಕೊಂಡು ಮರುದಿನವೇ ಕುಣಿಗಲ್ ಬಸ್ಸು ಹತ್ತಿದೆ.

ಅಜ್ಜಿ ಹಾಳೆಯನ್ನು ಕಣ್ಣ ಹತ್ತಿರ ಹಿಡಿದು ಓದಿದರು. ಮಕ್ಕಳ ಕಾಪಿ ತಿದ್ದಿ ಅಭ್ಯಾಸವಿದ್ದ ಬೆರಳು ಆವರಣದ ಮೇಲೆ ನಿಂತಿತು.

“ಇಷ್ಟ್ ಸಣ್ಣ ಅಕ್ಷರದಲ್ಲಿ ಇಲ್ಲಿ ಮುದುರ್ಕೊಂಡು ಕೂತವ್ಳಲ್ಲ, ಇವಳು ಯಾರು?”

“ನೀವೇ ಅಜ್ಜಿ.”

“ಹಂಗಾದ್ರೆ ಇಷ್ಟುದ್ದ ಕಾಲು ಚಾಚ್ಕೊಂಡು ಮುಂದೆ ಕೂತವ್ಳಲ್ಲ, ಅವಳು ಯಾರು? ನಮ್ಮವ್ವ ಹೆತ್ತಿದ್ದು ಯಾರನ್ನ?” ಹಾಳೆಯನ್ನು ನನ್ನ ಮಡಿಲಿಗೆ ಎಸೆದರು. “ಹಾಕಿದ್ರೆ ನೆಟ್ಟಗೆ ಹಾಕು. ಇಲ್ದಿದ್ರೆ ಬುಡು. ಹಿತ್ಲಬಾಗ್ಲಿಂದ ಕರ್ಕೊಂಡೋಗಿ ಕೂರ್ಸೋದು ಬ್ಯಾಡ.”

ನನಗೆ ನನ್ನ ಮೇಲೇ ಸಿಟ್ಟು ಬಂತು. ಸಭೆಯಲ್ಲಿ ಅಷ್ಟು ಮಾತಾಡಿದವಳು ಒಂದು ಲೋಟ ಕಾಫಿಗೆ ತಣ್ಣಗಾಗಿದ್ದೆ. ಬಸ್ಸಿನಲ್ಲೇ ಕಾರ್ಯದರ್ಶಿಗಳಿಗೆ ಫೋನ್ ಮಾಡಿ, ಮಾರಕ್ಕ ಎಂದೇ ಹಾಕಬೇಕು, ಶಾಲೆ ಇಟ್ಟ ಹೆಸರು ಬೇಕಾದರೆ ಅಡಿಟಿಪ್ಪಣಿಯಲ್ಲಿ ಬರಲಿ, ಉಳಿದವರದೂ ಹಾಗೇ ಎಂದೆ. “ನೋಡೋಣ ಮೇಡಂ, ಹೇಳ್ತೀನಿ ಮೇಡಂ,” ಎಂದರು. ಆಮೇಲೆ ಫೋನು ಎತ್ತುವುದನ್ನು ನಿಲ್ಲಿಸಿದರು.

ಅನುಮಾನ ಬಂದು ನಾನೇ ಅಂತರಸನಹಳ್ಳಿಯ ಪ್ರೆಸ್ಸಿಗೆ ಹೋದೆ. ಪ್ರೆಸ್ಸಿನ ಮಾಲೀಕ ನನಗೆ ಹಳೆಯ ಪರಿಚಯ. ಕೊನೆಯ ಪ್ರೂಫ್ ಕೇಳಿದೆ. “ನಿಮ್ಮ ಕಡೆಯಿಂದಲೇ ಅಲ್ವಾ ಮೇಡಂ ತಿದ್ದುಪಡಿ ಬಂದಿದ್ದು?” ಎಂದು ಅವನು ಆಶ್ಚರ್ಯಪಟ್ಟು ತೆಗೆದುಕೊಟ್ಟ.

ಅಧ್ಯಾಯದ ಹೆಸರು ಮತ್ತೆ ‘ಹೊಸ ಹುಟ್ಟು’ ಆಗಿತ್ತು. ಗೇಟಿನ ಭಾನುವಾರ ಇರಲಿಲ್ಲ. ಆವರಣವೂ ಇರಲಿಲ್ಲ. ಎರಡು ಜಡೆಯ ಹುಡುಗಿಯ ಫೋಟೊ ಪುಟದ ತುಂಬ ಇತ್ತು. ಅದರ ಕೆಳಗೆ ದಪ್ಪಕ್ಷರದಲ್ಲಿ ಒಂದು ಮಾತು: “ಕತ್ತಲೆಯಲ್ಲಿದ್ದ ನನಗೆ ಹೊಸ ಹೆಸರು, ಹೊಸ ಜನ್ಮ ಕೊಟ್ಟ ಶಾಲೆಗೆ ನಾನು ಚಿರಋಣಿ — ಶ್ರೀಮತಿ ವಿಮಲಾದೇವಿ.”

ಆ ಮಾತನ್ನು ಅಜ್ಜಿ ಆಡಿಲ್ಲ. ನಾನು ಬರೆದಿಲ್ಲ. ಯಾರೋ ಮೇಜಿನ ಮುಂದೆ ಕೂತು, ಬದುಕಿರುವ ಹೆಂಗಸಿನ ಬಾಯಿಗೆ ಅದನ್ನು ತುರುಕಿದ್ದರು. ಒಮ್ಮೆ ಹೆಸರು ಕಿತ್ತುಕೊಂಡದ್ದು ಸಾಲದೆ ಈಗ ನಾಲಿಗೆಯನ್ನೂ ಕಿತ್ತುಕೊಂಡಿದ್ದರು. ಪುಸ್ತಕದ ರಟ್ಟಿನ ಮೇಲೆ ‘ಲೇಖಕಿ’ ಎಂದು ನನ್ನ ಹೆಸರು ಹೊಳೆಯುತ್ತಿತ್ತು.

ಯಂತ್ರದ ಸದ್ದಿನಲ್ಲಿ ಕೂಗಿಕೊಂಡೇ ಅಧ್ಯಕ್ಷರಿಗೆ ಫೋನ್ ಮಾಡಿದೆ.

“ಸಾರ್, ಆ ಅಜ್ಜಿ ಆ ಮಾತು ಹೇಳಿಲ್ಲ.”

“ಭಾವಾರ್ಥ ಅದೇ ಅಲ್ವಾ ಮೇಡಂ. ವಯಸ್ಸಾದೋರು, ಏನೋ ಬೇಜಾರಲ್ಲಿ ಬೇರೆ ಹೇಳಿರ್ತಾರೆ. ಫಂಕ್ಷನ್‌ಗೆ ಅವರನ್ನೇ ಕರೆಸಿ ಸನ್ಮಾನ ಮಾಡ್ತಿದೀವಿ. ಕಾರ್ ಕಳಿಸ್ತೀವಿ. ಅವರ ಹೆಸರಿಗೆ ಇಷ್ಟು ಗೌರವ ಯಾರು ಕೊಡ್ತಾರೆ?”

“ಯಾವ ಹೆಸರಿಗೆ ಸಾರ್?”

ಅವರು ಫೋನ್ ಇಟ್ಟುಬಿಟ್ಟರು. ಆಗ ನಾನು ನಿರ್ಧಾರ ಮಾಡಿದೆ. ಪುಸ್ತಕ ಅವರದು, ಅದನ್ನು ನಿಲ್ಲಿಸುವುದು ನನ್ನ ಕೈಯಲ್ಲಿರಲಿಲ್ಲ. ನನ್ನ ಹೆಸರು ಮಾತ್ರ ನನ್ನದು. ರಟ್ಟಿನಿಂದಲೂ ಒಳಪುಟದಿಂದಲೂ ತೆಗೆಸಿದೆ. ನಾನು ಬರೆದ ಮುನ್ನುಡಿ ವಾಪಸ್ ಪಡೆದೆ. ನನ್ನ ಮುಂದೆಯೇ ಅಚ್ಚಿನ ಪ್ಲೇಟು ಬದಲಾಯಿಸಬೇಕು ಎಂದು ಅಲ್ಲೇ ಸ್ಟೂಲ್ ಹಾಕಿಕೊಂಡು ಕೂತೆ. ಅಷ್ಟರಲ್ಲಿ ಕಾರ್ಯದರ್ಶಿಗಳು ಬೈಕಿನಲ್ಲಿ ಓಡಿಬಂದರು.

“ಮೇಡಂ, ಬರೆದೋರ ಹೆಸರೇ ಇಲ್ದೆ ಪುಸ್ತಕ ಹೆಂಗೆ ಮೇಡಂ?”

“ನೀವೇ ಒಂದು ಹೆಸರಿಡಿ. ಅಭ್ಯಾಸ ಇದೆಯಲ್ಲ,” ಎಂದೆ.

ಹೇಳಿದ ಮೇಲೆ ಹಾಯೆನಿಸಿತು, ಸುಳ್ಳು ಯಾಕೆ. ಆ ಹಾಯಿ ಕುಣಿಗಲ್ ತಲುಪುವಷ್ಟರಲ್ಲಿ ಇಳಿದುಹೋಯಿತು. ನನ್ನ ಹೆಸರು ನಾನು ತೆಗೆಸಿಕೊಂಡೆ, ಸರಿ. ಆದರೆ ಅಜ್ಜಿಗೆ ಬೇಕಿದ್ದದ್ದು ಹೆಸರು ತೆಗೆಸುವುದಲ್ಲ, ಹಾಕಿಸುವುದು. ಮಾತು ಕೊಟ್ಟವಳು ನಾನು, ಸೋತವಳೂ ನಾನೇ. ಜಗಲಿಯ ಮೇಲೆ ಕೂತು ಎಲ್ಲ ಹೇಳಿದೆ, ಪ್ರೂಫ್ ಪುಟ ಕೊಟ್ಟೆ. ಬೈಯುತ್ತಾರೆ ಎಂದುಕೊಂಡಿದ್ದೆ.

ಅಜ್ಜಿ ದಪ್ಪಕ್ಷರದ ಮಾತನ್ನು ಟೀಚರ್ ಧ್ವನಿಯಲ್ಲಿ ಗಟ್ಟಿಯಾಗಿ ಓದಿದರು. ‘ಚಿರಋಣಿ’ ಬಂದಾಗ ಒಂದು ಸಲ ನಿಲ್ಲಿಸಿ ಮತ್ತೆ ಓದಿದರು. ಆಮೇಲೆ ಪುಟವನ್ನು ಮಡಿಸಿ ಪಕ್ಕಕ್ಕಿಟ್ಟು, “ಕಾರ್ ಕಳಿಸ್ತಾರಂತಾ?” ಎಂದರು.

“ಹೂಂ ಅಜ್ಜಿ. ನೀವು ಹೋಗಬೇಕಾಗಿಲ್ಲ. ನಾನು ಹೇಳ್ತೀನಿ ಅವರಿಗೆ.”

“ಯಾಕೆ ಹೋಗಬಾರ್ದು? ಬರ್ತಾಳೆ ಅನ್ನು. ನೀನೂ ಬಾ. ಮುಂದ್ಗಡೆ ಕೂತ್ಕೊ.”

ಸಮಾರಂಭದ ದಿನ ಶಾಲೆಯ ಮೈದಾನದಲ್ಲಿ ಶಾಮಿಯಾನ, ಬಲೂನು, ಸಮವಸ್ತ್ರದ ಮಕ್ಕಳು. ಬೆಳಿಗ್ಗೆ ಹೋಮ ಆಗಿತ್ತು, ಹೊಗೆಯ ವಾಸನೆ ಇನ್ನೂ ಇತ್ತು. ನಾನು ಮುಂದಿನ ಸಾಲಿನಲ್ಲಿ ಕೂತಿದ್ದೆ. ಸಮಿತಿಯವರು ನನ್ನನ್ನು ಕಂಡೂ ಕಾಣದವರಂತೆ ಓಡಾಡಿದರು. ಪುಸ್ತಕ ಬಿಡುಗಡೆ ಆಯಿತು. ನಿರೂಪಕಿ, “ನಮ್ಮ ಶಾಲೆಯ ಅತ್ಯಂತ ಹಿರಿಯ ವಿದ್ಯಾರ್ಥಿನಿ ಶ್ರೀಮತಿ ವಿಮಲಾದೇವಿಯವರು,” ಎಂದು ಕರೆದಳು. ಅಜ್ಜಿ ಎದ್ದು, ಯಾರ ಕೈಯನ್ನೂ ಹಿಡಿಯದೆ ಮೆಟ್ಟಿಲು ಹತ್ತಿದರು. ಅವರು ಆ ಹೆಸರಿಗೆ ಎದ್ದು ಹೋಗುತ್ತಾರೆ ಎಂದು ನಾನು ಎಣಿಸಿರಲಿಲ್ಲ.

ಶಾಲು ಹೊದಿಸಿದರು, ಹಾರ ಹಾಕಿದರು, ಹಣ್ಣಿನ ಬುಟ್ಟಿ ಕೊಟ್ಟರು. ಅಧ್ಯಕ್ಷರು ಮೈಕು ಹಿಡಿದು, “ಅಜ್ಜಿ, ಮಕ್ಕಳಿಗೆ ಎರಡು ಮಾತು,” ಎಂದರು.

ಅಜ್ಜಿ ಮೈಕು ತೆಗೆದುಕೊಂಡರು. “ನಿನ್ನ ಹೆಸರೇನಪ್ಪ?” ಎಂದು ಅಧ್ಯಕ್ಷರನ್ನೇ ಕೇಳಿದರು.

ಅವರು ನಗುತ್ತಲೇ ಹೇಳಿದರು.

“ಅಯ್ಯೋ, ಚೆನ್ನಾಗಿಲ್ವಲ್ಲಪ್ಪ ಅದು,” ಎಂದರು ಅಜ್ಜಿ. ಮಕ್ಕಳು ನಕ್ಕರು. ಅಜ್ಜಿ ಮೈಕನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು, ಮೇಜಿನ ಮೇಲಿದ್ದ ನೀರಿನ ಬಾಟಲಿಯಿಂದ ಅಂಗೈಗೆ ನೀರು ಸುರಿದುಕೊಂಡು, ಅಧ್ಯಕ್ಷರ ತಲೆಯ ಮೇಲೆ ಚಿಮುಕಿಸಿದರು. “ಇವತ್ತಿಂದ ನೀನು ಮಾರ. ಎಲ್ರೂ ಹೇಳಿ ಮಕ್ಕಳೇ. ಮಾರ, ಮಾರ.”

ಮಕ್ಕಳಿಗೆ ಟೀಚರ್ ಹೇಳಿದ ಮೇಲೆ ಕೇಳಬೇಕೆ? ಶಾಮಿಯಾನದ ತುಂಬ “ಮಾರ, ಮಾರ,” ಎಂದು ಕೂಗೆದ್ದಿತು. ಅಧ್ಯಕ್ಷರು ತಲೆ ಒರೆಸಿಕೊಂಡರು. ನಗು ಹೋಗಿತ್ತು.

“ಏನಜ್ಜಿ ಇದು ತಮಾಷೆ!”

“ತಮಾಷೆ ಅಲ್ಲ ಕಣಪ್ಪ. ಈ ಸ್ಕೂಲಿನ ಪದ್ಧತಿ. ನಿನ್ನನ್ನ ಇನ್ಮೇಲೆ ಹಳೇ ಹೆಸರಿಂದ ಯಾರೂ ಕರೀಬಾರ್ದು. ಕರೆದ್ರೆ ನೀನು ತಿರುಗಿ ನೋಡ್ಬಾರ್ದು.”

“ರೀ, ನನಗೆ ಹೆಸರಿದೆ!” ಎಂದು ಅಧ್ಯಕ್ಷರು ಕಿರುಚಿದರು. ಅಜ್ಜಿಯ ಕೈಯಲ್ಲಿದ್ದ ಮೈಕಿನಲ್ಲಿ ಅದು ಮೈದಾನದ ಆಚೆಗೂ ಕೇಳಿಸಿತು. “ನಮ್ಮಪ್ಪ ಅಮ್ಮ ಇಟ್ಟಿರೋ ಹೆಸರು!”

ಅಜ್ಜಿ ಮೈಕನ್ನು ಮೇಜಿನ ಮೇಲಿಟ್ಟು, ಅವರ ಮುಖವನ್ನೇ ನೋಡುತ್ತ ಹೇಳಿದರು. ಮುಂದಿನ ಸಾಲಿನಲ್ಲಿದ್ದ ನಮಗಷ್ಟೇ ಕೇಳಿಸಿತು.

“ನಂಗೂ ಇತ್ತು ಕಣಪ್ಪ.”